ವಾದಪತ್ರದ ತಿದ್ದುಪಡಿ

ಕಂಪ್ಲಿಯ ಗದ್ದೆಯಾಗಲಿ, ಹೊಸಪೇಟೆಯ ನಿವೇಶನವಾಗಲಿ, ಸಂಡೂರಿನ ಹೊಲವಾಗಲಿ ಮಾರಾಟಕ್ಕೆ ಬಂದಾಗ ಮೊದಲು ಹುಟ್ಟುವುದು ಕ್ರಯಪತ್ರವಲ್ಲ, ಮುಂಗಡ ಹಣದ ಕರಾರುಪತ್ರ. ಕರಾರು ಮುರಿದರೆ ದಾವೆ ಹುಟ್ಟುವುದು. ದಾವೆ ಹೂಡಿ ಕೆಲವು ವರ್ಷ ಕಳೆದು, ಸಾಕ್ಷಿಗಳು ಕಟಕಟೆಯನ್ನೇರಿದ ಮೇಲೆ, ‘ಒಂದು ಮಾತು ಬಿಟ್ಟುಹೋಗಿದೆ, ತಿದ್ದಲು ಅಪ್ಪಣೆಯಾಗಬೇಕು’ ಎಂಬ ಅರ್ಜಿ ಬರುವುದು. ಖರ್ಚು ಕಟ್ಟಿದರೆ ಯಾವಾಗ ಬೇಕಾದರೂ ತಿದ್ದಬಹುದೆಂದು ಕೆಲವರು ನಂಬಿರುವರು. ಒಮ್ಮೆ ಬರೆದುದು ಬರೆದುದೇ ಎಂದು ಮತ್ತೆ ಕೆಲವರು ಕೈಚೆಲ್ಲುವರು. ಈ ಎರಡು ನಂಬಿಕೆಗಳೂ ಕಕ್ಷಿಗಾರನನ್ನು ಕೆಡಿಸುವಂಥವೇ.

1908ನೆಯ ಸಿವಿಲ್ ಪ್ರಕ್ರಿಯಾ ಸಂಹಿತೆಯ 6ನೆಯ ಆದೇಶದ 17ನೆಯ ನಿಯಮವು, ವ್ಯಾಜ್ಯದ ನಿಜಾಂಶ ತೀರ್ಮಾನವಾಗಲು ಅವಶ್ಯವಾದ ತಿದ್ದುಪಡಿಗೆ ಅವಕಾಶ ಕೊಡುತ್ತದೆ. 1999ರ ಕಾಯಿದೆಯು ಈ ನಿಯಮವನ್ನೇ ಕಿತ್ತುಹಾಕಲು ಹೊರಟಿತ್ತು. 2002ರಲ್ಲಿ ಪಾರ್ಲಿಮೆಂಟು ಅದನ್ನು ಉಳಿಸಿಕೊಂಡು ಒಂದು ಕಟ್ಟು ಹಾಕಿತು: ತಕ್ಕ ಎಚ್ಚರ ವಹಿಸಿದ್ದರೂ ಮೊದಲೇ ಹೇಳಲಾಗುತ್ತಿರಲಿಲ್ಲವೆಂದು ಮನವರಿಕೆಯಾದ ಹೊರತು, ವಿಚಾರಣೆ ಆರಂಭವಾದ ಮೇಲೆ ತಿದ್ದುಪಡಿ ಕೂಡದು. ಕರ್ನಾಟಕದಿಂದಲೇ ಹೋದ ಕರಾರಿನ ದಾವೆಯೊಂದರಲ್ಲಿ 2008ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು, ಸಾಕ್ಷ್ಯದ ಪ್ರಮಾಣಪತ್ರ ಸಲ್ಲಿಸಿದಾಗಲೇ ವಿಚಾರಣೆ ಆರಂಭವಾಯಿತೆಂದು ಹೇಳಿ, ಪ್ರತಿವಾದಿಗಳು ತಡವಾಗಿ ಬೇಡಿದ ತಿದ್ದುಪಡಿಗೆ ಹೈಕೋರ್ಟು ಕೊಟ್ಟಿದ್ದ ಅಪ್ಪಣೆಯನ್ನು ರದ್ದುಗೊಳಿಸಿತು. ಈ ಕಟ್ಟು ನ್ಯಾಯವಾದುದೆಂದೇ ನಮ್ಮ ಮತ. ಎದುರಾಳಿಯ ಸಾಕ್ಷ್ಯವನ್ನು ಕಂಡ ಮೇಲೆ ತನ್ನ ಕಥೆಯನ್ನು ಹೊಂದಿಸಿಕೊಳ್ಳುವುದಕ್ಕೆ ತಿದ್ದುಪಡಿಯೆನ್ನಲಾಗದು.

ಆದರೆ ತಪ್ಪುಗಳೆಲ್ಲ ಒಂದೇ ಬಗೆಯವಲ್ಲ. 2021ರಲ್ಲಿ ವಿಜಯನಗರ ಜಿಲ್ಲೆಯಾದಾಗ ಹೊಸಪೇಟೆ ಅದಕ್ಕೆ ಸೇರಿತು. ಸಂಡೂರು, ಕಂಪ್ಲಿಗಳು ಬಳ್ಳಾರಿಯಲ್ಲೇ ಉಳಿದವು. ಹಳೆಯ ದಾವೆಯಲ್ಲಿ ಜಿಲ್ಲೆಯ ಹೆಸರನ್ನು ತಿದ್ದಿದರೆ ಯಾರಿಗೂ ನಷ್ಟವಿಲ್ಲ. ಹಂಪೆಯ ಸಂರಕ್ಷಿತ ಪ್ರದೇಶದ ಜಮೀನನ್ನು ಕೊಳ್ಳಹೊರಟವನು, ಅಲ್ಲಿನ ಕಟ್ಟಡಗಳಿಗೆ ನಿರ್ಬಂಧವಿದೆಯೆಂಬುದು ತನಗೆ ತಿಳಿದಿರಲಿಲ್ಲವೆಂದು ವಿಚಾರಣೆಯ ನಡುವೆ ಹೇಳಿದರೆ ಅದು ಸಲ್ಲದು. ಹಂಪೆಯ ಪ್ರಾಧಿಕಾರದ ಕಾಯಿದೆ 2002ರಿಂದಲೇ ಇದೆ. ದಾವೆ ಹೂಡಿದ ಮೇಲೆ ಹೊಸದಾಗಿ ಹೊರಟ ಆಜ್ಞೆಯ ಮಾತಾದರೋ ಬೇರೆ. ಇನ್ನು ಸರ್ವೆ ನಂಬರು ವಾದಪತ್ರದಲ್ಲಿ ಮಾತ್ರ ತಪ್ಪಿದ್ದರೆ ಅದನ್ನು ತಿದ್ದಿದರೆ ಸಾಕು. ಉಭಯರ ತಪ್ಪು ತಿಳಿವಳಿಕೆಯಿಂದ ಕರಾರುಪತ್ರದಲ್ಲೇ ತಪ್ಪು ಬಿದ್ದಿದ್ದರೆ, ಪತ್ರವನ್ನು ಸರಿಪಡಿಸಿಕೊಡಬೇಕೆಂದು ಬೇರೆಯಾಗಿಯೇ ಕೇಳಬೇಕು.

ನಮ್ಮ ಜನರು ಹೆಚ್ಚು ನಷ್ಟಕ್ಕೊಳಗಾಗುವುದು ಮುಂಗಡದ ವಿಷಯದಲ್ಲಿ. ಕ್ರಯಪತ್ರ ಬರೆಸಿಕೊಡಬೇಕೆಂದಷ್ಟೇ ಕೇಳಿ, ಅದು ದೊರೆಯದಿದ್ದರೆ ಹಣವನ್ನಾದರೂ ಹಿಂದಿರುಗಿಸಬೇಕೆಂದು ಕೇಳದೆ ಬಿಟ್ಟವನಿಗೆ, 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 22ನೆಯ ಕಲಮಿನಂತೆ ಮುಂಗಡವೂ ದೊರೆಯದು. ಆದರೆ ಅದೇ ಕಲಮು, ದಾವೆಯ ಯಾವ ಹಂತದಲ್ಲಿಯೂ ಆ ಬೇಡಿಕೆಯನ್ನು ಸೇರಿಸಿಕೊಳ್ಳಲು ಬಾಗಿಲು ತೆರೆದಿಟ್ಟಿದೆ. 21ನೆಯ ಕಲಮು ನಷ್ಟಪರಿಹಾರಕ್ಕೂ ಹಾಗೆಯೇ ಅವಕಾಶ ಕೊಟ್ಟಿದೆ. 1986ರಲ್ಲಿ ಹೂಡಿದ ಮುಂಬಯಿಯ ದಾವೆಯೊಂದರಲ್ಲಿ, ಮೂರು ದಶಕಗಳ ತರುವಾಯ ಬೇಡಿದ ಇಂತಹ ತಿದ್ದುಪಡಿಯನ್ನು ಸುಪ್ರೀಂ ಕೋರ್ಟು 2022ರಲ್ಲಿ ಎತ್ತಿಹಿಡಿಯಿತು. ಈ ಬೇಡಿಕೆ ಅದೇ ಕರಾರಿನಿಂದ ಹುಟ್ಟಿದ್ದು, ಹೊಸ ಕಥೆಯಲ್ಲ. ಒಂದು ಕರಾರಿನ ಮೇಲೆ ದಾವೆ ಹೂಡಿ, ಅದು ಬಿದ್ದುಹೋದಾಗ ಮತ್ತೊಂದು ಕರಾರನ್ನು ಮುಂದೊಡ್ಡುವುದು ಹಾಗಲ್ಲ. ಬರ್ಮಾದ ಎಣ್ಣೆಬಾವಿಗಳ ವ್ಯಾಜ್ಯದಲ್ಲಿ ಪ್ರಿವಿ ಕೌನ್ಸಿಲು 1921ರಷ್ಟು ಹಿಂದೆಯೇ ಅದನ್ನು ನಿರಾಕರಿಸಿತು.

ಆದುದರಿಂದ ನ್ಯಾಯಾಧೀಶರು ಇಂತಹ ಅರ್ಜಿಗಳನ್ನು ವಾಯಿದೆಯ ಮೇಲೆ ವಾಯಿದೆಗೆ ಬಿಡದೆ ಬೇಗನೆ ತೀರ್ಮಾನಿಸಬೇಕು. ಕಾಲಹರಣದ ಅರ್ಜಿ ತಂದವನಿಂದ ಎದುರಾಳಿಗೆ ನಿಜವಾದ ಖರ್ಚನ್ನು ಕೊಡಿಸಬೇಕು. ಅಪ್ಪಣೆ ಪಡೆದವನು, ಕೋರ್ಟು ಬೇರೆ ಅವಧಿ ಕೊಡದಿದ್ದರೆ 14 ದಿನಗಳೊಳಗಾಗಿ ತಿದ್ದಿಕೊಳ್ಳಬೇಕೆಂಬುದನ್ನು ಮರೆಯಬಾರದು. ಎಲ್ಲಕ್ಕೂ ಮಿಗಿಲಾಗಿ, ವಾದಪತ್ರಕ್ಕೆ ಸಹಿ ಹಾಕುವ ಮೊದಲು ಕರಾರುಪತ್ರವನ್ನು ಪಕ್ಕದಲ್ಲಿಟ್ಟುಕೊಂಡು, ಸರ್ವೆ ನಂಬರು, ಚೆಕ್ಕುಬಂದಿ, ಕೊಟ್ಟ ಹಣ, ಕೇಳುವ ಪರಿಹಾರ, ಇವನ್ನು ಒಂದೊಂದಾಗಿ ಓದಿಸಿ ಕೇಳುವುದು ಕಕ್ಷಿಗಾರನ ಧರ್ಮ. ‘ಇದೆಲ್ಲ ನನ್ನ ಅರಿವಿಗೆ ನಿಜ’ ಎಂದು ಪ್ರಮಾಣ ಮಾಡುವವನು ಅವನೇ ಹೊರತು ಗುಮಾಸ್ತನಲ್ಲ. ಅಂದು ವ್ಯಯಮಾಡಿದ ಒಂದು ಗಳಿಗೆಯು ಮುಂದೆ ಅಲೆದಾಟದ ವರ್ಷಗಳನ್ನು ಉಳಿಸೀತು.