ನೆಮೋನನ್ನು ನಾವೇ ಸಿನಿಮಾ ಮಾಡಬೇಕು

ಫ್ರೆಂಚ್ ಕಾದಂಬರಿಕಾರ ಜೂಲ್ಸ್ ವರ್ನ್ ಸೃಷ್ಟಿಸಿದ ಜಲಾಂತರ್ಗಾಮಿಯ ಒಡೆಯ ಕ್ಯಾಪ್ಟನ್ ನೆಮೋ ಟಿಪ್ಪು ಸುಲ್ತಾನನ ಸಂಬಂಧಿಕ. 1870ರ ಜಲಾಂತರ್ಗಾಮಿ ಕಾದಂಬರಿಯಲ್ಲಿ ಅವನ ದೇಶ ಯಾವುದೆಂದು ಹೇಳದ ವರ್ನ್, 1875ರಲ್ಲಿ ಮುಗಿದ ನಿಗೂಢ ದ್ವೀಪದ ಕಥೆಯಲ್ಲಿ ಎಲ್ಲವನ್ನೂ ಬಿಚ್ಚಿಟ್ಟರು: ಅವನು ಬುಂದೇಲಖಂಡದ ರಾಜಕುಮಾರ ಡಕ್ಕಾರ್, ಟಿಪ್ಪುವಿನ ಸೋದರಳಿಯ, 1857ರ ದಂಗೆಯಲ್ಲಿ ಹೆಂಡತಿ ಮಕ್ಕಳನ್ನು ಕಳೆದುಕೊಂಡವನು. ಆದರೆ 1954ರ ಡಿಸ್ನಿ ಚಿತ್ರದಲ್ಲಿ ಜೇಮ್ಸ್ ಮೇಸನ್ ನಟಿಸಿದ ನೆಮೋಗೆ ಭಾರತದ ಸುಳಿವೇ ಇಲ್ಲ. ಜಗತ್ತಿನ ಮಕ್ಕಳ ಮನಸ್ಸಿನಲ್ಲಿ ಉಳಿದದ್ದು ಆ ನೆಮೋನೇ. ಶ್ರೀರಂಗಪಟ್ಟಣದ ನಂಟನ್ನು ತೆರೆಗೆ ಮರಳಿಸುವ ಕೆಲಸ ಕನ್ನಡ ಸಿನಿಮಾದ್ದು.

ಅಷ್ಟು ದುಡ್ಡು ಎಲ್ಲಿಂದ ಎನ್ನುವವರು ಚೆಕ್ ನಿರ್ದೇಶಕ ಕರೆಲ್ ಝೆಮಾನ್ ಅವರ ಚಿತ್ರಗಳನ್ನು ನೋಡಬೇಕು. ವರ್ನ್ ಕಾದಂಬರಿಗಳನ್ನು ಮತ್ತೆ ಮತ್ತೆ ತೆರೆಗೆ ತಂದ ಅವರು 1958ರ ಚಿತ್ರದಲ್ಲಿ ನಿಜವಾದ ಸಮುದ್ರ, ನಿಜವಾದ ಯಂತ್ರಗಳ ಭ್ರಮೆ ಹುಟ್ಟಿಸಲು ಹೋಗಲೇ ಇಲ್ಲ. ಹಳೆಯ ಪುಸ್ತಕಗಳ ಗೆರೆಚಿತ್ರಗಳನ್ನೇ ಹಿನ್ನೆಲೆಯಾಗಿಸಿ, ಅದರೊಳಗೆ ನಟರನ್ನು ನಡೆಸಿದರು. ಪುಸ್ತಕದ ಪುಟವೇ ಜೀವ ತಳೆದಂತೆ ಕಾಣುವ ಆ ಚಿತ್ರಕ್ಕೆ ಅದೇ ವರ್ಷ ಬ್ರಸೆಲ್ಸ್‌ನಲ್ಲಿ ದೊಡ್ಡ ಪ್ರಶಸ್ತಿ ಬಂತು. 1967ರ ಇನ್ನೊಂದು ಚಿತ್ರದಲ್ಲಿ ನೆಮೋನನ್ನೂ ಕರೆತಂದರು. ಅವರಿಗೆ ಗೆರೆಚಿತ್ರಗಳಿದ್ದವು, ನಮಗೆ ಶ್ರೀರಂಗಪಟ್ಟಣದಲ್ಲಿರುವ ಟಿಪ್ಪುವಿನ ದರಿಯಾ ದೌಲತ್ ಅರಮನೆಯ ಪಶ್ಚಿಮದ ಗೋಡೆಯಿದೆ. 1780ರ ಪೊಳ್ಳಿಲೂರು ಯುದ್ಧದ ಆ ಚಿತ್ರದಲ್ಲಿ ಸಾಲುಸಾಲು ಕುದುರೆಗಳು, ಸಿಡಿಯುವ ಮದ್ದಿನ ಬಂಡಿ, ಪಲ್ಲಕ್ಕಿಯಲ್ಲಿ ಕುಳಿತ ಬ್ರಿಟಿಷ್ ಪಡೆಯ ಕರ್ನಲ್ ಬೇಲಿ ಎಲ್ಲವೂ ಇವೆ. ಡಕ್ಕಾರ್‌ನ ಬಾಲ್ಯದ ನೆನಪುಗಳನ್ನು ಈ ಬಣ್ಣದಲ್ಲೇ, ಈ ಚಪ್ಪಟೆ ಶೈಲಿಯಲ್ಲೇ ಅನಿಮೇಶನ್ ಮಾಡಬಹುದು. ಫ್ರೆಂಚ್ ಕಥೆ ನಮಗೇಕೆ ಎಂಬ ಮಾತಂತೂ ಪಾಂಡವಪುರದ ಬಳಿಯ ಚಿನಕುರಳಿಯ ಸೀಮೆಯಲ್ಲಿ ನಿಲ್ಲದು. ಹೈದರ್, ಟಿಪ್ಪು ಪಡೆಯ ಫ್ರೆಂಚರು ಬೀಡುಬಿಟ್ಟಿದ್ದರಿಂದ ಪಾಂಡವಪುರಕ್ಕೇ ಫ್ರೆಂಚ್ ರಾಕ್ಸ್ ಎಂಬ ಹೆಸರಿತ್ತು.

ಟಿಪ್ಪು 1799ರಲ್ಲೇ ಸತ್ತ, ಬುಂದೇಲಖಂಡದಲ್ಲಿ ಅವನಿಗೆಲ್ಲಿಯ ಸೋದರಳಿಯ ಎಂಬ ಆಕ್ಷೇಪ ಸರಿಯೇ. ಇದು ಇತಿಹಾಸವಲ್ಲ, ಕಲ್ಪನೆ. ಹಾಗೆಂದು ತೆರೆಯ ಮೇಲೆ ಮೊದಲೇ ಹೇಳಿಬಿಡಲಿ. ಟಿಪ್ಪು ಹೆಸರೆತ್ತಿದರೆ ಗಲಾಟೆ ಎಂಬ ಭಯ ಇದಕ್ಕಿಂತ ಗಟ್ಟಿಯಾದದ್ದು. ಆದರೆ ಕಾದಂಬರಿ ಟಿಪ್ಪುವಿನ ಆಳ್ವಿಕೆಯ ಬಗ್ಗೆ ತೀರ್ಪು ಕೊಡಲು ಹೊರಟದ್ದಲ್ಲ. ಮನೆಮಂದಿಯನ್ನು ಕಳೆದುಕೊಂಡವನ ದುಃಖ ಸೇಡಾಗಿ, ಕೊನೆಗೆ ದ್ವೀಪದಲ್ಲಿ ಸಿಕ್ಕಿಬಿದ್ದ ಅಪರಿಚಿತರ ಮೇಲಿನ ಕರುಣೆಯಾಗಿ ಮಾರ್ಪಡುವುದೇ ಅದರ ಜೀವಾಳ. ಒಮ್ಮೆಲೇ ಪೂರ್ಣ ಚಿತ್ರಕ್ಕೆ ಕೈಹಾಕಬೇಕಿಲ್ಲ. ಮೈಸೂರಿನ ಕಲಾ ವಿದ್ಯಾರ್ಥಿಗಳು ಆ ಗೋಡೆಯ ಚಿತ್ರಗಳನ್ನು ನೋಡಿ ಬರೆದುಕೊಂಡು, ಸಾಯುವ ಮುನ್ನ ನೆಮೋ ತನ್ನ ಕಥೆ ಹೇಳುವ ಅಧ್ಯಾಯವೊಂದನ್ನೇ ಅರ್ಧ ಗಂಟೆಯ ಚಿತ್ರವಾಗಿಸಬಹುದು.