ನಮ್ಮ ನಾಟಕ ನಾವೇ ಬರೆಯೋಣ

 

"ಯಾವಾಗ ನೋಡಿದ್ರೂ ಆಟ, ಇಲ್ಲದಿದ್ರೆ ತಮಾಷೆ. ಇದ್ರಿಂದ ಹೊಟ್ಟೆ ತುಂಬ್ತದಾ?" ಈ ಬೈಗುಳ ನಮ್ಮೆಲ್ಲರ ಮನೆಯಲ್ಲೂ ಉಂಟು. ಈ ಮಾತು ಅರ್ಧ ಸರಿ, ಅರ್ಧ ತಪ್ಪು ಎಂಬುದು ನನ್ನ ಅಭಿಪ್ರಾಯ. ಯಾಕೆ ಅಂತ ಹೇಳ್ತೇನೆ.

ನಮ್ಮ ಜಿಲ್ಲೆಯವರೇ ಆದ ರಿಷಬ್ ಶೆಟ್ಟಿಯವರನ್ನು ತೆಗೆದುಕೊಳ್ಳಿ. ಅವರು ಕುಂದಾಪುರದ ಹತ್ತಿರದ ಕೆರಾಡಿಯವರು. 2016ರಲ್ಲಿ ಅವರು ನಿರ್ದೇಶಿಸಿದ 'ಕಿರಿಕ್ ಪಾರ್ಟಿ' ಕಾಲೇಜು ಹುಡುಗರ ತಮಾಷೆಯ ಚಿತ್ರ. 2018ರಲ್ಲಿ 'ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ ಕಾಸರಗೋಡು' ಚಿತ್ರವನ್ನು ತಾವೇ ಬರೆದು, ನಿರ್ದೇಶಿಸಿ, ನಿರ್ಮಿಸಿದರು. ಮುಚ್ಚಿ ಹೋಗುವ ಒಂದು ಕನ್ನಡ ಶಾಲೆಯನ್ನು ಮಕ್ಕಳು ಉಳಿಸಿಕೊಳ್ಳುವ ಕಥೆ ಅದು. ವಿಷಯ ಅಳುವಂಥದ್ದು. ಆದರೆ ಅವರು ನಗಿಸುತ್ತಾ ಹೇಳಿದರು. ಅದಕ್ಕೆ ಅತ್ಯುತ್ತಮ ಮಕ್ಕಳ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಬಂತು. ಬರೀ ಭಾಷಣ ಮಾಡಿದ್ದರೆ ನಾವು ನೋಡುತ್ತಿದ್ದೆವಾ?

ಇನ್ನು ಆಟದ ಮಾತು. 2022ರ ಸೆಪ್ಟೆಂಬರ್ 30ರಂದು ಬಂದ 'ಕಾಂತಾರ'ವನ್ನೂ ಅವರೇ ಬರೆದು ನಿರ್ದೇಶಿಸಿದರು. ಅದರಲ್ಲಿ ನಮ್ಮ ಕಂಬಳ ಉಂಟು. ಕೆಸರುಗದ್ದೆಯಲ್ಲಿ ಕೋಣ ಓಡಿಸುವುದನ್ನು ಹಿಂದಿ, ತಮಿಳು, ತೆಲುಗು, ಮಲಯಾಳದವರೂ ಅವರವರ ಭಾಷೆಯಲ್ಲಿ ನೋಡಿದರು. ಆ ಚಿತ್ರದ ನಟನೆಗೆ 2024ರಲ್ಲಿ ರಾಷ್ಟ್ರಪ್ರಶಸ್ತಿಯೂ ಘೋಷಣೆಯಾಯಿತು. ನಾವು ಗದ್ದೆಯ ಬದುವಿನಲ್ಲಿ ನಿಂತು ಕೂಗುವ ಆಟವೇ ಅಲ್ಲವಾ ಅದು?

ಹಾಗಂತ ಪುಸ್ತಕ ಬಿಸಾಡಿ ಬೆಂಗಳೂರಿಗೆ ಬಸ್ಸು ಹತ್ತಿ ಅಂತ ನಾನು ಹೇಳುವುದಿಲ್ಲ. ಅವರು ಅಲ್ಲಿ ಚಿತ್ರ ನಿರ್ದೇಶನ ಕಲಿತರು. ಸಿನಿಮಾ ಕೈ ಹಿಡಿಯುವ ಮೊದಲು ಹೊಟ್ಟೆಪಾಡಿಗೆ ನೀರಿನ ಕ್ಯಾನ್ ಮಾರಿದರು. ಮನೆಯವರ ಮಾತು ಅರ್ಧ ಸರಿ ಅಂದದ್ದು ಇದಕ್ಕೇ. ತಮಾಷೆಯ ಹಿಂದೆ ಬೆವರು ಉಂಟು.

ಈಗ ನಮ್ಮ ವಿಷಯಕ್ಕೆ ಬರುತ್ತೇನೆ. ಕಳೆದ ವಾರ್ಷಿಕೋತ್ಸವದಲ್ಲಿ ನಾವು ಏನು ಮಾಡಿದೆವು? ಟಿ.ವಿ.ಯ ಕಾಮಿಡಿಯನ್ನು ಬಾಯಿಪಾಠ ಮಾಡಿ ಒಪ್ಪಿಸಿದೆವು. ನಾನೂ ಅದರಲ್ಲಿ ಇದ್ದೆ. ಜನ ಸ್ವಲ್ಪ ನಕ್ಕರು, ಮನೆಗೆ ಹೋದರು, ಮರೆತರು. ಆದರೆ ನಮ್ಮೂರ ವಾಲಿಬಾಲ್ ಪಂದ್ಯದಲ್ಲಿ ಮೈಕ್ ಹಿಡಿದು ವಿವರಣೆ ಕೊಡುವ ಅಣ್ಣನ ಮಾತನ್ನು ಜನ ವಾರಗಟ್ಟಲೆ ಹೇಳಿ ನಗುತ್ತಾರೆ. ಯಾಕೆಂದರೆ ಅದು ನಮ್ಮ ಮಾತು, ನಮ್ಮ ಆಟ.

ಆದ್ದರಿಂದ ಈ ಸಲದ ನಾಟಕ ನಾವೇ ಬರೆಯೋಣ. ಮಳೆ ಬಂದು ನಿಂತುಹೋದ ಕಬಡ್ಡಿ, ಹೊಳೆಗೆ ಬಿದ್ದ ಚೆಂಡು, ಎರಡೂ ಕಡೆಯವರಿಂದ ಬೈಗುಳ ತಿನ್ನುವ ಅಂಪೈರ್, ಎಲ್ಲವೂ ಇರಲಿ. ಗುರುಗಳೇ, ವಾರಕ್ಕೆ ಒಂದು ಪೀರಿಯಡ್ ಕೊಡಿ. ತಪ್ಪಿದ್ದರೆ ತಿದ್ದಿ. ಚೆನ್ನಾಗಿ ಬಾರದಿದ್ದರೆ ಮುಂದಿನ ವರ್ಷ ನಾನೇ ಟಿ.ವಿ. ನೋಡಿ ಬಾಯಿಪಾಠ ಮಾಡ್ತೇನೆ.

ಒಪ್ಪುವವರು ಇದರ ಕೆಳಗೆ ಪೆನ್ಸಿಲಿನಲ್ಲಿ ಹೆಸರು ಬರೆಯಿರಿ.

– 7ನೇ ತರಗತಿಯ ವಿದ್ಯಾರ್ಥಿ