ಸಂಬಳದ ಪಟ್ಟಿಯಲ್ಲಿಲ್ಲದ ಹೆಸರು

ಲೂಯಿಸ್ ಮತ್ತು ಕ್ಲಾರ್ಕ್ 1804ರಿಂದ 1806ರವರೆಗೆ ಅಮೆರಿಕದ ಪಶ್ಚಿಮ ಕಡಲವರೆಗೆ ಹೋಗಿಬಂದರು. 1814ರಲ್ಲಿ ಅಚ್ಚಾದ ಅವರ ಪ್ರವಾಸಕಥನ ಇಂದಿಗೂ ಮರುಮುದ್ರಣವಾಗುತ್ತಿದೆ. ಆಗಲಿ, ಆದರೆ ಓದುವವರು ಸಾಹಸದ ಜೊತೆಗೆ ಜಮಾಖರ್ಚನ್ನೂ ನೋಡಬೇಕು.

ನಾಯಕರಿಬ್ಬರಿಗೆ ತಲಾ 1600 ಎಕರೆ. ಸಿಪಾಯಿಗಳಿಗೆ ತಲಾ 320 ಎಕರೆ, ಇಮ್ಮಡಿ ಸಂಬಳ. ದುಭಾಷಿ ಶಾರ್ಬೊನೊಗೆ 500 ಡಾಲರಿಗೂ ಮಿಕ್ಕ ಹಣ. ಹಸುಗೂಸನ್ನು ಹೊತ್ತು ನಡೆದು, ದುಭಾಷಿಯ ಕೆಲಸವನ್ನೂ ಮಾಡಿದ ಅವನ ಹೆಂಡತಿ ಸಕಾಜವಿಯಾಳಿಗೆ ಬಿಡಿಗಾಸಿಲ್ಲ. ಎಲ್ಲರ ಸಮಕ್ಕೆ ದುಡಿದ ಕ್ಲಾರ್ಕನ ಗುಲಾಮ ಯಾರ್ಕನಿಗೆ ಕೂಲಿಯೂ ಇಲ್ಲ, ಮರಳಿದ ಮೇಲೆ ಬಿಡುಗಡೆಯೂ ಇಲ್ಲ. ಹಂಚಿದ ಭೂಮಿಯಾದರೂ ಯಾರದು? ಮೂಲನಿವಾಸಿಗಳದು!

2001ರಲ್ಲಿ ಸರ್ಕಾರ ಯಾರ್ಕನಿಗೆ ಗೌರವ ಸಾರ್ಜೆಂಟ್ ಪದವಿ ಕೊಟ್ಟಿತು. ಸತ್ತವನಿಗೆ ಬಿರುದು, ಬದುಕಿದ್ದಾಗ ಬರಿಗೈ.

ಮಿತ್ರರೇ, ಯಾವ ಚರಿತ್ರೆ ಕೈಗೆ ಬಂದರೂ ಮೊದಲು ಕೇಳಿರಿ: ದುಡಿದವರಾರು, ಪಡೆದವರಾರು?